ಓದುಗರ ಪ್ರಶ್ನೆ, ನಮ್ಮ ಉತ್ತರ: ಆಳ್ವಿಕೆಗಳು ಬದಲಾದರೂ ಪ್ರಾಗ್ ಬಿಡದ ನಟ ಹ್ರುಶೀನ್ಸ್ಕಿ

ಕಳೆದ ಸಂಚಿಕೆಯಲ್ಲಿ ‘ಶವದಾಹಕ’ ಎಂಬ ಚೆಕ್ ಚಿತ್ರವನ್ನು ಪರಿಚಯಿಸಿದ್ದೆವು. ನಿರ್ದೇಶಕ ಯುರಾಯ್ ಹೆರ್ಟ್ಸ್ ಅವರ ಆ ಚಿತ್ರ 1969ರಲ್ಲಿ ತೆರೆಕಂಡಿತು. ಪ್ರಾಗ್ ನಗರದ ಚಿತಾಗಾರದ ನೌಕರನೊಬ್ಬ, ಹಿಟ್ಲರನ ಪಡೆಗಳು ಊರಿನ ಬಾಗಿಲಿಗೆ ಬರುತ್ತಿರುವ ಹೊತ್ತಿನಲ್ಲಿ, ಮೃದುವಾಗಿ ಮಾತನಾಡುತ್ತಲೇ ಕೊಲೆಗಾರನಾಗುವುದು ಅದರ ಕಥೆ. ಪರಿಚಯವನ್ನು ಓದಿ ಚಿತ್ರವನ್ನು ಹುಡುಕಿ ನೋಡಿದ ಹಲವರು, ಮುಖ್ಯ ಪಾತ್ರಧಾರಿ ರುಡಾಲ್ಫ್ ಹ್ರುಶೀನ್ಸ್ಕಿ ಅವರ ಬಗ್ಗೆ ಇನ್ನಷ್ಟು ತಿಳಿಸುವಂತೆ ಪತ್ರ ಬರೆದಿದ್ದಾರೆ. ಈ ಬಾರಿಯ ಅಂಕಣವನ್ನು ಪೂರ್ತಿಯಾಗಿ ಅವರಿಗೇ ಮೀಸಲಿಟ್ಟಿದ್ದೇವೆ.

ಪ್ರಶ್ನೆ: ಈ ನಟ ಯಾರು? ರಂಗಭೂಮಿಯಿಂದ ಬಂದವರೇ, ಅಥವಾ ಸಿನಿಮಾದಲ್ಲಿಯೇ ಬೆಳೆದವರೇ? (ಓದುಗರೊಬ್ಬರು, ಧಾರವಾಡ)

ಉತ್ತರ: ಹುಟ್ಟಿನಿಂದಲೇ ರಂಗಭೂಮಿಯವರು. 1920ರ ಅಕ್ಟೋಬರ್ 17ರಂದು ದಕ್ಷಿಣ ಬೊಹೀಮಿಯಾದ ನೋವಾ ವ್ಚೆಲ್ನಿತ್ಸೆ ಎಂಬ ಸಣ್ಣ ಊರಿನಲ್ಲಿ ಅವರ ಜನನವಾಯಿತು. ತಾಯಿಯ ಮನೆಯವರು ಊರೂರು ತಿರುಗಿ ನಾಟಕವಾಡುವ ಕಂಪನಿಯವರು, ತಂದೆಯೂ ನಟರೇ. ಆಟ ನಡೆಯುತ್ತಿದ್ದಾಗಲೇ ರಂಗದ ಹಿಂಬದಿಯಲ್ಲಿ ಈ ಮಗು ಹುಟ್ಟಿತೆಂಬ ಮಾತು ಚೆಕ್ ರಂಗಪ್ರಿಯರಲ್ಲಿ ಇಂದಿಗೂ ಬಳಕೆಯಲ್ಲಿದೆ. ಅದರಲ್ಲಿ ದಂತಕಥೆಯ ಪಾಲು ಎಷ್ಟೇ ಇರಲಿ, ತಿರುಗಾಟದ ಕಂಪನಿಯ ಮನೆಯಲ್ಲಿ ಬೆಳೆದ ಮಗುವಿಗೆ ಬಣ್ಣ, ಪರದೆ, ಪ್ರೇಕ್ಷಕರ ಕೆಮ್ಮು ಎಲ್ಲವೂ ಮನೆಯ ಸಂಗತಿಗಳೇ ಆಗಿರುತ್ತವೆ ಎಂಬುದನ್ನು ಕಂಪನಿ ನಾಟಕಗಳನ್ನು ಬಲ್ಲ ನಮ್ಮ ಓದುಗರಿಗೆ ವಿವರಿಸಬೇಕಾಗಿಲ್ಲ.

ಚೆಕ್ ಜನರಿಗೆ ನಾಟಕ ಬರಿಯ ಮನರಂಜನೆಯಾಗಿರಲಿಲ್ಲ ಎಂಬುದನ್ನು ಇಲ್ಲಿಯೇ ಹೇಳಿಬಿಡಬೇಕು. ಹ್ಯಾಬ್ಸ್‌ಬರ್ಗ್ ಮನೆತನದ ಆಸ್ಟ್ರಿಯಾ ದೊರೆಗಳ ಆಳ್ವಿಕೆಯಲ್ಲಿ ಆಡಳಿತದಲ್ಲಿಯೂ ಉನ್ನತ ವಿದ್ಯಾಭ್ಯಾಸದಲ್ಲಿಯೂ ಜರ್ಮನ್ ಭಾಷೆಯದೇ ಮೇಲುಗೈಯಾಗಿದ್ದಾಗ, ಚೆಕ್ ಮಾತನ್ನು ಹಳ್ಳಿಹಳ್ಳಿಗೆ ತಲೆಯೆತ್ತಿ ಕೊಂಡೊಯ್ದವರಲ್ಲಿ ಇಂಥ ಸಣ್ಣ ಕಂಪನಿಗಳೂ ಇದ್ದವು. ಪ್ರಾಗ್‌ನಲ್ಲಿ ವ್ಲ್ಟಾವಾ ನದಿಯ ದಂಡೆಯ ಮೇಲಿರುವ ರಾಷ್ಟ್ರೀಯ ರಂಗಮಂದಿರವನ್ನು ಜನರು ವಂತಿಗೆಯಿಂದ ಕಟ್ಟಿದರು. 1881ರಲ್ಲಿ ಅದು ಬೆಂಕಿಗೆ ತುತ್ತಾದಾಗ ಮತ್ತೆ ವಂತಿಗೆ ಎತ್ತಿ 1883ರಲ್ಲಿ ಪುನಃ ತೆರೆದರು. ‘ನಾಡು ತನಗಾಗಿ ಕಟ್ಟಿಕೊಂಡದ್ದು’ ಎಂಬ ಅರ್ಥದ ಬರಹ ಅದರ ರಂಗದ ಮೇಲ್ಭಾಗದಲ್ಲಿದೆ. ಹ್ರುಶೀನ್ಸ್ಕಿ 1960ರಲ್ಲಿ ಆ ರಂಗಮಂದಿರದ ಬಳಗವನ್ನು ಸೇರಿದರು. ಮುಂದೆ ಬೇರೆ ಬಾಗಿಲುಗಳು ಮುಚ್ಚಿದಾಗ ಅವರಿಗೆ ನಿಲ್ಲಲು ಜಾಗ ಕೊಟ್ಟದ್ದು ಅದೇ ರಂಗ.

ಪ್ರಶ್ನೆ: ಅವರು ನಾಜಿ ಆಳ್ವಿಕೆಯ ಕಾಲದಲ್ಲಿಯೂ ಚಿತ್ರಗಳಲ್ಲಿ ನಟಿಸಿದ್ದಾರೆಂದು ಓದಿದೆ. ಇದು ರಾಜಿಯಲ್ಲವೇ? (ಓದುಗರೊಬ್ಬರು, ಮೈಸೂರು)

ಉತ್ತರ: ಪ್ರಶ್ನೆ ಕಟುವಾಗಿದ್ದರೂ ಕೇಳಬೇಕಾದದ್ದೇ. 1939ರ ಮಾರ್ಚ್ 15ರಂದು ಜರ್ಮನ್ ಪಡೆಗಳು ಪ್ರಾಗ್ ಹೊಕ್ಕಾಗ ಹ್ರುಶೀನ್ಸ್ಕಿಗೆ 18 ವರ್ಷ. ಆಗಷ್ಟೇ ಸಿನಿಮಾದ ಸಣ್ಣಪುಟ್ಟ ಪಾತ್ರಗಳು ಸಿಗತೊಡಗಿದ್ದವು. ರಂಗದ ಮೇಲೆ ಅವರಿಗೆ ಪಾಠಶಾಲೆಯಾದದ್ದು ಇ. ಎಫ್. ಬುರಿಯಾನ್ ಅವರ ‘ಡಿ’ ರಂಗತಂಡ. ಎಡಪಂಥೀಯ ಪ್ರಯೋಗಶೀಲರಾದ ಬುರಿಯಾನ್ ಅವರ ರಂಗಮಂದಿರಕ್ಕೆ 1941ರ ಮಾರ್ಚ್‌ನಲ್ಲಿ ನಾಜಿಗಳ ರಹಸ್ಯ ಪೊಲೀಸ್ ಪಡೆಯಾದ ಗೆಸ್ಟಪೊ ಬೀಗ ಹಾಕಿ, ಅವರನ್ನು ಬಂಧಿಸಿ ಯಾತನಾ ಶಿಬಿರಕ್ಕೆ ಕಳಿಸಿತು. ಬುರಿಯಾನ್ ಯುದ್ಧ ಮುಗಿಯುವವರೆಗೆ ಹೇಗೋ ಬದುಕುಳಿದು ಮರಳಿದರು. ತನ್ನ ಗುರುವನ್ನು ಹೀಗೆ ಎಳೆದೊಯ್ದದ್ದನ್ನು 20ರ ವಯಸ್ಸಿನಲ್ಲಿ ಕಂಡ ತರುಣ, ಕಲೆ ಮತ್ತು ಅಧಿಕಾರ ಎದುರಾದಾಗ ಏನಾಗುತ್ತದೆ ಎಂಬುದನ್ನು ಪುಸ್ತಕದಿಂದ ಕಲಿಯಬೇಕಾಗಿರಲಿಲ್ಲ.

ಆ ವರ್ಷಗಳಲ್ಲಿ ಚೆಕ್ ಚಿತ್ರಗಳ ತಯಾರಿಕೆ ನಿಲ್ಲಲಿಲ್ಲ. ಸಂಖ್ಯೆ ಕುಗ್ಗಿತು, ಜರ್ಮನರ ಹಿಡಿತ ಬಿಗಿಯಾಯಿತು. ಚೆಕ್ ಭಾಷೆಯ ಹಾಸ್ಯ ಚಿತ್ರವೋ ಸಾಂಸಾರಿಕ ಚಿತ್ರವೋ ತೆರೆಯ ಮೇಲೆ ಬಂದರೆ, ತಮ್ಮ ಮಾತು ಇನ್ನೂ ಬದುಕಿದೆ ಎಂಬ ಸಮಾಧಾನದಿಂದಲೇ ಜನ ಹೋಗಿ ಕೂರುತ್ತಿದ್ದರು. ಆದ್ದರಿಂದ ಆ ಕಾಲದ ನಟರೆಲ್ಲರನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ನ್ಯಾಯವಲ್ಲ. ಹಿಟ್ಲರನ ಪ್ರಚಾರ ಮಂತ್ರಿ ಗೋಬೆಲ್ಸ್‌ನ ಪ್ರೇಯಸಿಯೆಂದು ಹೆಸರಾದ ನಟಿ ಲೀದಾ ಬಾರೊವಾ ಯುದ್ಧದ ನಂತರ ಸೆರೆಮನೆ ಕಂಡು, ಕೊನೆಗೆ ದೇಶ ಬಿಟ್ಟರು. ಹಾಸ್ಯನಟ ವ್ಲಾಸ್ತಾ ಬುರಿಯಾನ್, ಲಂಡನ್ನಿನಲ್ಲಿದ್ದ ಚೆಕ್ ನಾಯಕರನ್ನು ಅಣಕಿಸುವ ರೇಡಿಯೊ ಪ್ರಹಸನವೊಂದರಲ್ಲಿ ಪಾತ್ರ ವಹಿಸಿದ ಕಾರಣಕ್ಕೆ ಶಿಕ್ಷೆಗೂ ನಿಷೇಧಕ್ಕೂ ಗುರಿಯಾದರು. ಮತ್ತೊಂದು ತುದಿಯಲ್ಲಿ ಆನಾ ಲೆತೆನ್ಸ್ಕಾ ಇದ್ದಾರೆ. ಚೆಕ್ ನಾಡನ್ನು ಆಳುತ್ತಿದ್ದ ನಾಜಿ ಅಧಿಕಾರಿ ಹೈಡ್ರಿಚ್‌ನ ಹತ್ಯೆಯ ನಂತರದ ಬೇಟೆಯಲ್ಲಿ ಪತಿಯೊಂದಿಗೆ ಸಿಲುಕಿದ ಈ ನಟಿ, ತಲೆಯ ಮೇಲೆ ಸಾವು ತೂಗುತ್ತಿದ್ದಾಗಲೇ ಹಾಸ್ಯ ಚಿತ್ರವೊಂದರ ಚಿತ್ರೀಕರಣ ಮುಗಿಸಿಕೊಟ್ಟರು. 1942ರ ಅಕ್ಟೋಬರ್ 24ರಂದು ಮೌಟ್‌ಹೌಸೆನ್ ಶಿಬಿರದಲ್ಲಿ ಅವರನ್ನು ಕೊಲ್ಲಲಾಯಿತು. ಚಿತ್ರ ಅದಾದ ಮೇಲೆ ಬಿಡುಗಡೆಯಾಗಿ, ಜನ ಅದನ್ನು ನೋಡಿ ನಕ್ಕರು. ಇದನ್ನು ಬರೆಯುವಾಗಲೂ ಮನಸ್ಸು ಭಾರವಾಗುತ್ತದೆ.

ಹ್ರುಶೀನ್ಸ್ಕಿ ಈ ಎರಡು ತುದಿಗಳ ನಡುವೆ, ಕೆಲಸ ಮಾಡುತ್ತ ಕಾಲ ಸಾಗಿಸಿದ ಬಹುಸಂಖ್ಯಾತರ ಸಾಲಿನಲ್ಲಿ ನಿಲ್ಲುತ್ತಾರೆ. ಯುದ್ಧದ ನಂತರ ಅವರು ಪ್ರಾಗ್ ನಗರ ರಂಗಮಂದಿರಗಳಲ್ಲಿ ನಿರಾತಂಕವಾಗಿ ಮುಂದುವರಿದರು.

ಪ್ರಶ್ನೆ: ಶ್ವೇಕ್ ಪಾತ್ರವನ್ನು ಮಾಡಿದವರೂ ಇವರೇ ಏನು? (ಓದುಗರೊಬ್ಬರು, ಉಡುಪಿ)

ಉತ್ತರ: ಹೌದು. ಯಾರೊಸ್ಲಾವ್ ಹಾಶೆಕ್ ಅವರ ಕಾದಂಬರಿಯನ್ನು ಆಧರಿಸಿ ಕಾರೆಲ್ ಸ್ಟೆಕ್ಲಿ 1956 ಮತ್ತು 1957ರಲ್ಲಿ ನಿರ್ದೇಶಿಸಿದ ಎರಡು ವರ್ಣಚಿತ್ರಗಳಲ್ಲಿ ಶ್ವೇಕ್ ಆದವರು ಹ್ರುಶೀನ್ಸ್ಕಿ. ಆ ಚಿತ್ರಗಳು ಸಿನಿಮಾ ಕಲೆಯ ದೃಷ್ಟಿಯಿಂದ ಸಾಧಾರಣ ಎಂಬುದು ನನ್ನ ಅಭಿಪ್ರಾಯ. ಆದರೆ ದುಂಡು ಮುಖದ, ಕಣ್ಣರಳಿಸಿ ಎಲ್ಲ ಅಪ್ಪಣೆಗಳನ್ನೂ ಶಿರಸಾವಹಿಸುವ ಆ ಸಿಪಾಯಿಯ ರೂಪದಲ್ಲಿ ಹ್ರುಶೀನ್ಸ್ಕಿ ಮನೆಮಾತಾದರು. ಇವತ್ತಿಗೂ ಚೆಕ್ ಜನರಿಗೆ ಶ್ವೇಕ್ ಎಂದೊಡನೆ ಕಾದಂಬರಿಗೆ ಯೋಸೆಫ್ ಲಾದಾ ಬರೆದ ರೇಖಾಚಿತ್ರಗಳ ಜೊತೆಗೆ ನೆನಪಾಗುವುದು ಅವರ ಮುಖವೇ.

ಪ್ರಶ್ನೆ: 1968ರಲ್ಲಿ ಅವರು ಸಹಿ ಹಾಕಿದ ಪತ್ರ ಯಾವುದು? ಬರಿಯ ಒಂದು ಸಹಿಗೆ ಸಿನಿಮಾದಿಂದ ದೂರವಿಡುವಷ್ಟು ದೊಡ್ಡ ಶಿಕ್ಷೆ ಏಕೆ? (ಓದುಗರೊಬ್ಬರು, ಶಿವಮೊಗ್ಗ)

ಉತ್ತರ: ಆ ಪತ್ರ ‘ಎರಡು ಸಾವಿರ ಪದಗಳು’. ಲೇಖಕ ಲುದ್ವೀಕ್ ವಾಟ್ಸುಲೀಕ್ ಬರೆದ ಈ ಮನವಿ 1968ರ ಜೂನ್ 27ರಂದು ಒಂದು ಸಾಹಿತ್ಯ ವಾರಪತ್ರಿಕೆಯಲ್ಲಿಯೂ ಕೆಲವು ದಿನಪತ್ರಿಕೆಗಳಲ್ಲಿಯೂ ಅಚ್ಚಾಯಿತು. ಅಲೆಕ್ಸಾಂಡರ್ ದುಬ್ಚೆಕ್ ಅವರ ನೇತೃತ್ವದಲ್ಲಿ ಕಮ್ಯುನಿಸ್ಟ್ ಪಕ್ಷವೇ ಸುಧಾರಣೆಗೆ ಕೈ ಹಾಕಿದ್ದ ದಿನಗಳು ಅವು. ಸುಧಾರಣೆಯನ್ನು ಪಕ್ಷದ ಕೈಗೆ ಬಿಟ್ಟು ಕೂತರೆ ಸಾಲದು, ಪ್ರಜೆಗಳು ತಮ್ಮ ತಮ್ಮ ಊರು, ಕಾರ್ಖಾನೆ, ಕಚೇರಿಗಳಲ್ಲಿ ತಾವೇ ಮುಂದೆ ಬರಬೇಕು, ಅಧಿಕಾರ ದುರುಪಯೋಗ ಮಾಡಿದವರು ಜಾಗ ಖಾಲಿ ಮಾಡುವಂತೆ ಒತ್ತಾಯಿಸಬೇಕು ಎಂಬುದು ಆ ಪತ್ರದ ತಿರುಳು. ಓಟಗಾರ ಎಮಿಲ್ ಜಾಟೊಪೆಕ್, ಜಿಮ್ನಾಸ್ಟ್ ವೆರಾ ಚಾಸ್ಲಾವ್ಸ್ಕಾ, ನಟ ಯಾನ್ ವೆರಿಖ್ ಮೊದಲಾದ ನಾಡಿನ ಗಣ್ಯರ ಸಾಲಿನಲ್ಲಿ ಹ್ರುಶೀನ್ಸ್ಕಿ ಅವರ ಹೆಸರೂ ಇತ್ತು. ಜನರಿಂದ ಬಂದ ಸಹಿಗಳು ಲೆಕ್ಕಕ್ಕೆ ಸಿಗದಷ್ಟಾದವು. ಮಾಸ್ಕೋಗೆ ಮಾತ್ರ ಅದು ಪ್ರತಿಕ್ರಾಂತಿಯ ಕರೆಯಾಗಿ ಕಂಡಿತು. ಆಗಸ್ಟ್ 20ರ ರಾತ್ರಿ ಸೋವಿಯತ್ ನೇತೃತ್ವದ ವಾರ್ಸಾ ಒಪ್ಪಂದದ ದೇಶಗಳ ಟ್ಯಾಂಕುಗಳು ಗಡಿ ದಾಟಿದವು.

ಶಿಕ್ಷೆ ಕೂಡಲೇ ಬರಲಿಲ್ಲ ಎಂಬುದನ್ನು ಗಮನಿಸಬೇಕು. 1969ರ ಏಪ್ರಿಲ್‌ನಲ್ಲಿ ದುಬ್ಚೆಕ್ ಬದಲು ಗುಸ್ತಾವ್ ಹುಸಾಕ್ ಬಂದರು. ‘ಸಹಜ ಸ್ಥಿತಿಗೆ ಮರಳಿಸುವುದು’ ಎಂಬ ಹೆಸರಿನಲ್ಲಿ ಕಚೇರಿ, ವಿಶ್ವವಿದ್ಯಾಲಯ, ರಂಗಮಂದಿರ, ಸ್ಟುಡಿಯೊ ಎಲ್ಲ ಕಡೆ ವಿಚಾರಣೆಗಳು ಶುರುವಾದವು. ಪರಕೀಯ ಸೇನೆಯ ಆಗಮನವನ್ನು ‘ಸೋದರ ನೆರವು’ ಎಂದು ಒಪ್ಪುತ್ತೀರಾ ಎಂದು ಒಬ್ಬೊಬ್ಬರನ್ನೂ ಕೂರಿಸಿ ಕೇಳಲಾಯಿತು. ‘ಎರಡು ಸಾವಿರ ಪದಗಳು’ ಪತ್ರಕ್ಕೆ ಸಹಿ ಹಾಕಿದ್ದವರಿಗೆ ಇನ್ನೊಂದು ಬೇಡಿಕೆ ಇತ್ತು: ಸಹಿ ಹಿಂತೆಗೆದುಕೊಂಡು, ತಪ್ಪಾಯಿತೆಂದು ಬಹಿರಂಗವಾಗಿ ಹೇಳಬೇಕು. ಕೆಲವರು ಹೇಳಿದರು. ಹ್ರುಶೀನ್ಸ್ಕಿ ಹೇಳಲಿಲ್ಲ.

ಇನ್ನು ಒಂದು ಸಹಿಗೆ ಏಕೆ ಇಷ್ಟು ಎಂಬ ಪ್ರಶ್ನೆ. ಇದಕ್ಕೆ ಉತ್ತರ ಚೆಕ್ ಚಿತ್ರೋದ್ಯಮದ ರಚನೆಯಲ್ಲಿಯೇ ಇದೆ. 1945ರ ಆಗಸ್ಟ್‌ನಲ್ಲಿ, ಕಮ್ಯುನಿಸ್ಟರು ಪೂರ್ಣ ಅಧಿಕಾರಕ್ಕೆ ಬರುವ ಮೊದಲೇ, ಅಧ್ಯಕ್ಷರ ಆಜ್ಞೆಯೊಂದರ ಮೂಲಕ ಇಡೀ ಚಿತ್ರೋದ್ಯಮ ಸರ್ಕಾರದ ವಶವಾಗಿತ್ತು. ಕಲಾವಿದರು ಲಾಭಕೋರ ನಿರ್ಮಾಪಕರ ಹಂಗಿನಿಂದ ಬಿಡುಗಡೆಯಾಗುತ್ತಾರೆ ಎಂಬ ಪ್ರಾಮಾಣಿಕ ಆಸೆ ಅದರ ಹಿಂದೆ ಇತ್ತು. ಅರವತ್ತರ ದಶಕದ ಅದ್ಭುತ ಚಿತ್ರಗಳು ಬಂದದ್ದೂ ಅದೇ ವ್ಯವಸ್ಥೆಯಿಂದ. ಆದರೆ ಧಣಿ ಒಬ್ಬನೇ ಆದಾಗ, ಅವನು ಬೇಡವೆಂದವರಿಗೆ ಇನ್ನೊಂದು ಮನೆ ಇರುವುದಿಲ್ಲ. ಚಿತ್ರ, ದೂರದರ್ಶನ, ರೇಡಿಯೊ ಮೂರೂ ಸರ್ಕಾರದ್ದು. ಜೈಲು ಬೇಕಾಗಿಲ್ಲ, ಬರವಣಿಗೆಯಲ್ಲಿ ನಿಷೇಧಾಜ್ಞೆಯೂ ಬೇಕಾಗಿಲ್ಲ. ಪಾತ್ರ ಹಂಚುವ ಪಟ್ಟಿಯಲ್ಲಿ ಒಂದು ಹೆಸರು ಕಾಣಿಸದಿದ್ದರೆ ಆಯಿತು.

ಹೀಗೆ, 1970ರಲ್ಲಿ 50 ತುಂಬಿದ ನಟ, ಹಿಂದಿನ ಎರಡು ವರ್ಷಗಳಲ್ಲಿ ಬದುಕಿನ ಅತ್ಯುತ್ತಮ ಪಾತ್ರಗಳನ್ನು ಮಾಡಿದ ನಟ, ಎಪ್ಪತ್ತರ ದಶಕದ ಮೊದಲ ವರ್ಷಗಳನ್ನು ಕ್ಯಾಮೆರಾದಿಂದ ದೂರ ಕಳೆಯಬೇಕಾಯಿತು. ರಾಷ್ಟ್ರೀಯ ರಂಗಮಂದಿರದ ಕೆಲಸ ಮಾತ್ರ ಉಳಿಯಿತು. ಅವರ ಮುಖ ನೋಡಬೇಕೆಂದವರು ನದಿಯ ದಂಡೆಗೆ ಬಂದು ಟಿಕೆಟ್ ಕೊಂಡು ನೋಡಬೇಕಿತ್ತು. ಬರಹಗಾರನಾದರೆ ಬರೆದು ಮೇಜಿನ ಖಾನೆಯಲ್ಲಿ ಇಟ್ಟು ಕಾಯಬಹುದು. ನಟನ 51ನೆಯ ವರ್ಷದ ಮುಖ, ಆ ವರ್ಷದ ದನಿ, ಆ ವರ್ಷವೇ ದಾಖಲಾಗದಿದ್ದರೆ ಮತ್ತೆಂದೂ ಸಿಗುವುದಿಲ್ಲ. ಈ ನಷ್ಟವನ್ನು ಮುಂದಿನ ಯಾವ ಪ್ರಶಸ್ತಿಯೂ ತುಂಬಿಕೊಡಲಾರದು ಎಂದು ನಾನು ನಂಬುತ್ತೇನೆ.

ಪ್ರಶ್ನೆ: ‘ಶವದಾಹಕ’ ನೋಡಿ ಎರಡು ದಿನ ನಿದ್ದೆ ಬರಲಿಲ್ಲ. ಅವರು ಒಮ್ಮೆಯೂ ದನಿ ಎತ್ತುವುದಿಲ್ಲ. ಆದರೂ ಅಷ್ಟು ಭಯ ಹೇಗೆ ಹುಟ್ಟಿಸುತ್ತಾರೆ? (ಓದುಗರೊಬ್ಬರು, ಬೆಂಗಳೂರು)

ಉತ್ತರ: ಈ ಪ್ರಶ್ನೆಗೆ ಸಂತೋಷದಿಂದ ಉತ್ತರಿಸುತ್ತೇನೆ, ಏಕೆಂದರೆ ಹ್ರುಶೀನ್ಸ್ಕಿ ಅವರ ಕಲೆಯ ಗುಟ್ಟು ನೀವು ಕಂಡ ಸಂಗತಿಯಲ್ಲಿಯೇ ಇದೆ.

ಲಾದಿಸ್ಲಾವ್ ಫುಕ್ಸ್ ಅವರ 1967ರ ಕಾದಂಬರಿಯಿಂದ ಬಂದ ಈ ಪಾತ್ರದ ಹೆಸರು ಕಾರೆಲ್ ಕೋಪ್‌ಫ್ರ್‌ಕಿಂಗ್ಲ್. ಕುಡಿಯದ, ಸೇದದ, ಸಂಗೀತಪ್ರಿಯ, ಹೆಂಡತಿ ಮಕ್ಕಳನ್ನು ಮುದ್ದಿನ ಮಾತುಗಳಿಂದ ಕರೆಯುವ ಮನುಷ್ಯ. ಟಿಬೆಟಿನ ಬಗೆಗಿನ ಪುಸ್ತಕವೊಂದನ್ನು ಓದಿ, ದೇಹವನ್ನು ಸುಡುವುದು ಆತ್ಮಕ್ಕೆ ಬಿಡುಗಡೆ ಕೊಡುವ ಪುಣ್ಯಕಾರ್ಯವೆಂದು ನಂಬಿದವನು. ಅವನ ಕೈಯನ್ನು ಗಮನಿಸಿ. ಪೆಟ್ಟಿಗೆಯಲ್ಲಿ ಮಲಗಿಸಿದ ಹೆಣದ ತಲೆಗೂದಲನ್ನು ಜೇಬಿನ ಬಾಚಣಿಗೆಯಿಂದ ಬಾಚುತ್ತಾನೆ. ಅದೇ ಬಾಚಣಿಗೆಯಿಂದ, ಅದೇ ಓಘದಲ್ಲಿ, ತನ್ನ ತಲೆಯನ್ನೂ ಬಾಚಿಕೊಳ್ಳುತ್ತಾನೆ. ಮುಖದಲ್ಲಿ ಏನೂ ಬದಲಾಗುವುದಿಲ್ಲ. ಸಾಮಾನ್ಯ ನಟನಾಗಿದ್ದರೆ ಅಲ್ಲಿ ಕಣ್ಣಿನಲ್ಲಿಯೋ ತುಟಿಯ ಅಂಚಿನಲ್ಲಿಯೋ ಒಂದು ಸೂಚನೆ ಕೊಟ್ಟು, ‘ನೋಡಿ, ಇವನು ಹುಚ್ಚ’ ಎಂದು ನಮಗೆ ತಿಳಿಸಿ ನಮ್ಮನ್ನು ಹಗುರ ಮಾಡುತ್ತಿದ್ದ. ಹ್ರುಶೀನ್ಸ್ಕಿ ಆ ಉಪಕಾರ ಮಾಡುವುದಿಲ್ಲ. ಕೋಪ್‌ಫ್ರ್‌ಕಿಂಗ್ಲ್ ತನ್ನನ್ನು ತಾನು ಒಳ್ಳೆಯವನೆಂದೇ ತಿಳಿದಿದ್ದಾನೆ. ನಟ ಆ ತಿಳಿವಳಿಕೆಯನ್ನು ಒಂದು ಕ್ಷಣವೂ ಬಿಟ್ಟುಕೊಡುವುದಿಲ್ಲ. ಹೊಸ ಒಡೆಯರಾದ ಜರ್ಮನರ ಕಡೆಯ ಗೆಳೆಯ ಬಂದು, ನಿನ್ನ ಹೆಂಡತಿಯಲ್ಲಿ ಯಹೂದಿ ರಕ್ತವಿದೆ ಎಂದು ಕಿವಿಯಲ್ಲಿ ಉಸುರಿದ ಮೇಲೆ, ಅವನು ಅದೇ ಲಾಲಿಯ ದನಿಯಲ್ಲಿ, ಅದೇ ಮೃದು ಕೈಗಳಿಂದ ಅವಳ ಕೊರಳಿಗೆ ಕುಣಿಕೆ ಹಾಕುತ್ತಾನೆ.

ಆ ಹೆಂಡತಿಯ ಪಾತ್ರ ಮಾಡಿದವರು ವ್ಲಾಸ್ತಾ ಖ್ರಾಮೊಸ್ತೊವಾ. ವಿಶಾಲ ಕೋನದ ಮಸೂರಗಳಿಂದ ಆ ಕಪ್ಪು ಬಿಳುಪು ಲೋಕವನ್ನು ಸೃಷ್ಟಿಸಿದ ಛಾಯಾಗ್ರಾಹಕ ಸ್ಟಾನಿಸ್ಲಾವ್ ಮಿಲೋಟಾ ಈ ನಟಿಯ ಪತಿ. ನಿರ್ದೇಶಕ ಹೆರ್ಟ್ಸ್ ಬಾಲ್ಯದಲ್ಲಿಯೇ ನಾಜಿ ಶಿಬಿರಗಳನ್ನು ಕಂಡು ಬದುಕಿ ಬಂದವರು. ಚಿತ್ರೀಕರಣದ ನಡುವೆಯೇ 1968ರ ಆಗಸ್ಟ್‌ನ ಆಕ್ರಮಣ ನಡೆದು ಕೆಲಸ ನಿಂತು, ಮತ್ತೆ ಶುರುವಾಯಿತು. ಚಿತ್ರ ತೆರೆಗೆ ಬಂದ ಕೆಲವು ವರ್ಷಗಳಲ್ಲಿಯೇ ಅದನ್ನು ಹಿಂತೆಗೆದು, 1989ರವರೆಗೆ ಡಬ್ಬಿಯಲ್ಲಿಟ್ಟರು. ಹೊರದೇಶದಲ್ಲಿ ಮಾತ್ರ, 1972ರಲ್ಲಿ, ಸ್ಪೇನಿನ ಸಿಟ್ಜಸ್ ಚಿತ್ರೋತ್ಸವದ ಶ್ರೇಷ್ಠ ನಟ ಪ್ರಶಸ್ತಿ ಹ್ರುಶೀನ್ಸ್ಕಿಗೆ ಬಂತು. ಅವರ ದೇಶದ ಸ್ಟುಡಿಯೊಗಳಲ್ಲಿ ಅವರಿಗೆ ಕೆಲಸವಿಲ್ಲದ ವರ್ಷ ಅದು.

ಇದರ ಜೊತೆಗೆ ಇನ್ನೊಂದು ಚಿತ್ರವನ್ನು ಇಟ್ಟು ನೋಡಿ. ಬೊಹುಮಿಲ್ ಹ್ರಬಾಲ್ ಅವರ ಕಥೆಗಳಿಂದ ಯಿರ್ಜಿ ಮೆಂಜೆಲ್ 1969ರಲ್ಲಿ ‘ತಂತಿಯ ಮೇಲಿನ ಬಾನಾಡಿಗಳು’ ಚಿತ್ರವನ್ನು ಮಾಡಿದರು. ಐವತ್ತರ ದಶಕದ ಆರಂಭದ ಕಮ್ಯುನಿಸ್ಟ್ ಆಳ್ವಿಕೆಯಲ್ಲಿ ಪ್ರಾಧ್ಯಾಪಕರು, ವಕೀಲರು, ವಾದ್ಯಗಾರರು ‘ತಿದ್ದಿಕೊಳ್ಳಲು’ ಎಂದು ಉಕ್ಕಿನ ಗುಜರಿಯಲ್ಲಿ ದುಡಿಯುತ್ತಿದ್ದಾರೆ. ಅವರ ಮೇಲ್ವಿಚಾರಕನಾಗಿರುವ ಪಕ್ಷದ ಪ್ರತಿನಿಧಿಯೇ ಹ್ರುಶೀನ್ಸ್ಕಿ. ಕಾರ್ಮಿಕರ ಬಂಧುವಿನಂತೆ ಮಾತನಾಡುವ ಈ ಮನುಷ್ಯ, ಸ್ವಚ್ಛತೆ ಕಲಿಸುವ ನೆಪದಲ್ಲಿ ಬಡ ಹುಡುಗಿಯರ ಮೈ ತೊಳೆಯುವ ದೃಶ್ಯ ನೋಡಲು ಹಿಂಸೆಯಾಗುತ್ತದೆ. ಇಲ್ಲಿಯೂ ಅದೇ ತಗ್ಗಿದ ದನಿ, ಅದೇ ಹಿತವಚನ. ಒಂದು ಚಿತ್ರದಲ್ಲಿ ನಾಜಿಗಳ ಸೇವಕ, ಇನ್ನೊಂದರಲ್ಲಿ ಕಮ್ಯುನಿಸ್ಟರ ಸೇವಕ. ಎರಡೂ ಪಾತ್ರಗಳ ಬೇರು ಒಂದೇ. ಅಧಿಕಾರ ಯಾವುದಾದರೂ ಅದಕ್ಕೆ ಬೇಕಾಗುವುದು ರಾಕ್ಷಸರಲ್ಲ, ತಾವು ಮಾಡುವುದೆಲ್ಲ ಪರೋಪಕಾರವೆಂದು ನಂಬುವ ಸೌಮ್ಯ ಗೃಹಸ್ಥರು ಎಂಬುದನ್ನು ಹ್ರುಶೀನ್ಸ್ಕಿ ಒಂದೆರಡು ವರ್ಷಗಳ ಅಂತರದಲ್ಲಿ ಎರಡು ಬಾರಿ, ಎರಡು ಬಣ್ಣಗಳಲ್ಲಿ ತೋರಿಸಿದರು. ಇಪ್ಪತ್ತನೆಯ ಶತಮಾನದ ನಟನೆಯಲ್ಲಿ ಇದಕ್ಕೆ ಸಮನಾದ ಜೋಡಿಯನ್ನು ನಾನು ಕಂಡಿಲ್ಲ.

ಎರಡನೆಯ ಚಿತ್ರ ಬಿಡುಗಡೆಯಾಗಲೇ ಇಲ್ಲ. ಇಪ್ಪತ್ತು ವರ್ಷ ಬೀರುವಿನಲ್ಲಿದ್ದು, 1990ರ ಬರ್ಲಿನ್ ಚಿತ್ರೋತ್ಸವದಲ್ಲಿ ಸುವರ್ಣ ಕರಡಿ ಪಡೆಯಿತು. 49ನೆಯ ವಯಸ್ಸಿನಲ್ಲಿ ಮಾಡಿದ ಪಾತ್ರವನ್ನು ಜನ ನೋಡುವ ಹೊತ್ತಿಗೆ ನಟನಿಗೆ 69 ಆಗಿತ್ತು.

ಪ್ರಶ್ನೆ: ಅಷ್ಟು ಅನ್ಯಾಯವಾದರೂ ಅವರೇಕೆ ದೇಶ ಬಿಡಲಿಲ್ಲ? ನಾಟಕಕಾರ ವಾಟ್ಸ್ಲಾವ್ ಹಾವೆಲ್ ಅವರಂತೆ ಬಹಿರಂಗವಾಗಿ ಹೋರಾಡಲಿಲ್ಲವೇಕೆ? (ಓದುಗರಿಬ್ಬರು, ಹುಬ್ಬಳ್ಳಿ ಮತ್ತು ತುಮಕೂರು)

ಉತ್ತರ: ಆ ಕಾಲದ ಚೆಕ್ ನಟರು ಹಿಡಿದ ದಾರಿಗಳು ಹಲವು. ಒಂದೊಂದಕ್ಕೂ ಒಂದೊಂದು ಬೆಲೆ ಇತ್ತು.

ಖ್ರಾಮೊಸ್ತೊವಾ ಅವರ ದಾರಿ ಎಲ್ಲಕ್ಕಿಂತ ಕಡಿದು. 1968ರ ನಂತರ ಪ್ರಾಗ್‌ನ ರಂಗಮಂದಿರಗಳು ಅವರಿಗೆ ಒಂದೊಂದಾಗಿ ಮುಚ್ಚಿಕೊಂಡವು. ವೃತ್ತಿಯೇ ಇಲ್ಲವಾದಾಗ ದೀಪದ ಮುಸುಕುಗಳನ್ನು ತಯಾರಿಸಿ ಮಾರಿದರು. 1976ರಿಂದ ತಮ್ಮ ಮನೆಯ ಕೋಣೆಯಲ್ಲಿಯೇ, ನಂಬಿಕೆಯ ಅತಿಥಿಗಳನ್ನು ಕೂರಿಸಿಕೊಂಡು, ನಾಟಕ ಆಡತೊಡಗಿದರು. 1978ರಲ್ಲಿ ಪಾವೆಲ್ ಕೊಹೌಟ್ ಸಂಕ್ಷೇಪಿಸಿದ ‘ಮ್ಯಾಕ್‌ಬೆತ್’ ಅನ್ನು ಬೆರಳೆಣಿಕೆಯ ನಟರು ಅಲ್ಲಿ ಆಡಿದರು. ಲೇಡಿ ಮ್ಯಾಕ್‌ಬೆತ್ ಅವರೇ, ಮ್ಯಾಕ್‌ಬೆತ್ ಪಾವೆಲ್ ಲಾಂದೊವ್ಸ್ಕಿ. ರಾಜನನ್ನು ಕೊಂದು ಸಿಂಹಾಸನ ಏರಿದವನ ಕಥೆ ನಡೆಯುತ್ತಿದ್ದರೆ ಹೊರಗೆ ಪೊಲೀಸರ ಕಣ್ಣು ಇರುತ್ತಿತ್ತು. ಇದೇ ಖ್ರಾಮೊಸ್ತೊವಾ, ಐವತ್ತರ ದಶಕದಲ್ಲಿ ತಾವು ರಹಸ್ಯ ಪೊಲೀಸರೊಂದಿಗೆ ಸಹಕರಿಸಿದ್ದನ್ನು ಮುಂದೆ ಆತ್ಮಕಥೆಯಲ್ಲಿ ತಾವೇ ಒಪ್ಪಿಕೊಂಡರು. ನನಗೆ ಅವರ ಮೇಲಿನ ಗೌರವ ಇದರಿಂದ ಹೆಚ್ಚೇ ಆಗಿದೆ.

ಲಾಂದೊವ್ಸ್ಕಿ 1977ರ ಜನವರಿ 6ರಂದು, ಮಾನವ ಹಕ್ಕುಗಳ ಮನವಿಯಾದ ‘ಚಾರ್ಟರ್ 77’ರ ಪ್ರತಿಗಳನ್ನು ಹಾವೆಲ್ ಮತ್ತು ವಾಟ್ಸುಲೀಕ್ ಜೊತೆ ತಮ್ಮ ಕಾರಿನಲ್ಲಿ ಒಯ್ಯುತ್ತಿದ್ದಾಗ ಪೊಲೀಸರ ಕೈಗೆ ಸಿಕ್ಕರು, ಕೊನೆಗೆ ವಿಯೆನ್ನಾ ಸೇರಿ ಅಲ್ಲಿನ ರಂಗಭೂಮಿಯಲ್ಲಿ ಜರ್ಮನ್ ಭಾಷೆಯಲ್ಲಿ ನಟಿಸಿದರು. ಯಾನ್ ಟ್ರ್ಜಿಸ್ಕಾ 1977ರಲ್ಲಿ ಹೆಂಡತಿ ಮತ್ತು ಇಬ್ಬರು ಹೆಣ್ಣುಮಕ್ಕಳೊಂದಿಗೆ ದೇಶ ಬಿಟ್ಟು ಅಮೆರಿಕ ಸೇರಿದರು. ಪ್ರಾಗ್‌ನಲ್ಲಿ ನಾಯಕನಟರಾಗಿದ್ದವರು ಹಾಲಿವುಡ್‌ನಲ್ಲಿ ಸಣ್ಣ ಪಾತ್ರಗಳಿಂದ ಬದುಕು ಕಟ್ಟಿಕೊಳ್ಳಬೇಕಾಯಿತು. ನಟನಿಗೆ ಮಾತೇ ಬಂಡವಾಳ. ಗಡಿಯ ಆಚೆ ಅದರ ಬಹುಪಾಲು ಚಲಾವಣೆಯಾಗುವುದಿಲ್ಲ.

ಹ್ರುಶೀನ್ಸ್ಕಿ ಚಾರ್ಟರ್‌ಗೆ ಸಹಿ ಹಾಕಿದವರಲ್ಲ. ಚಾರ್ಟರ್ ಪ್ರಕಟವಾದ ತಿಂಗಳೇ, 1977ರ ಜನವರಿ 28ರಂದು, ಸರ್ಕಾರ ಕಲಾವಿದರನ್ನೆಲ್ಲ ರಾಷ್ಟ್ರೀಯ ರಂಗಮಂದಿರಕ್ಕೆ ಕರೆಸಿ, ಚಾರ್ಟರ್ ವಿರುದ್ಧದ ನಿಷ್ಠಾಪತ್ರವೊಂದಕ್ಕೆ ಸಮ್ಮತಿ ಪಡೆದು, ಹೆಸರುಗಳ ಪಟ್ಟಿಯನ್ನು ಪಕ್ಷದ ಪತ್ರಿಕೆಯಲ್ಲಿ ಅಚ್ಚು ಮಾಡಿಸಿತು. ಜನ ವಂತಿಗೆ ಕೊಟ್ಟು ಕಟ್ಟಿದ ಮಂದಿರವನ್ನು ಜನರ ಬಾಯಿ ಕಟ್ಟಲು ಬಳಸಿದ್ದು ಆ ನಾಡಿನ ದೊಡ್ಡ ನೋವುಗಳಲ್ಲೊಂದು. ಅಂದಿನ ಪಟ್ಟಿಗಳನ್ನು ಹಿಡಿದು ಇಂದು ದೂರದಲ್ಲಿ ಕೂತು ಯಾರ ಧೈರ್ಯವನ್ನೂ ಅಳೆಯಲು ನನಗೆ ಮನಸ್ಸಿಲ್ಲ. ಮಕ್ಕಳ ಓದು, ಮನೆ, ಉದ್ಯೋಗ ಎಲ್ಲವೂ ಒಂದು ಸಹಿಯ ಮೇಲೆ ನಿಂತಿದ್ದ ಕಾಲ ಅದು. ಹ್ರುಶೀನ್ಸ್ಕಿ ಕುರಿತು ನಾನು ಹೇಳಬಲ್ಲದ್ದು ಇಷ್ಟು: ಒಮ್ಮೆ ನಿಜವೆಂದು ನಂಬಿ ಹಾಕಿದ ಸಹಿಯನ್ನು, ಹಿಂತೆಗೆದರೆ ಎಲ್ಲ ಸಿಗುತ್ತದೆಂದು ಗೊತ್ತಿದ್ದೂ ಅವರು ಹಿಂತೆಗೆಯಲಿಲ್ಲ. ಅವರು ಹೋರಾಟಗಾರರಾಗಿರಲಿಲ್ಲ; ಬಾಗಲೂ ಇಲ್ಲ.

ಪ್ರಶ್ನೆ: ಮತ್ತೆ ಸಿನಿಮಾಕ್ಕೆ ಬಂದದ್ದು ಯಾವಾಗ? (ಓದುಗರೊಬ್ಬರು, ಹಾಸನ)

ಉತ್ತರ: ಎಪ್ಪತ್ತರ ದಶಕದ ನಡುವಿನಿಂದ ಬಾಗಿಲು ನಿಧಾನವಾಗಿ ತೆರೆಯಿತು. ಇಂಥ ನಟರಿಲ್ಲದೆ ಒಳ್ಳೆಯ ಚಿತ್ರ ಮಾಡುವುದು ಕಷ್ಟವೆಂಬುದು ಸ್ಟುಡಿಯೊಗಳಿಗೂ ಗೊತ್ತಿತ್ತು. ಪತ್ತೇದಾರಿ ಕಥೆಗಳ ಅಣಕವಾದ ‘ಅಡೇಲಾ ಇನ್ನೂ ಉಂಡಿಲ್ಲ’ ಚಿತ್ರದಲ್ಲಿ ಪ್ರಾಗ್‌ನ ಬಿಯರ್ ಪ್ರಿಯ ಪೊಲೀಸ್ ಅಧಿಕಾರಿ ಲೆದ್ವಿನಾ ಆಗಿ ಅವರು ಜನರನ್ನು ನಗಿಸಿದರು. ಆದರೆ ನನಗೆ ಹೆಚ್ಚು ಪ್ರಿಯವಾದದ್ದು ಮೆಂಜೆಲ್ ಜೊತೆಗಿನ ಮರುಭೇಟಿ. ಮೆಂಜೆಲ್ ಅವರೂ ಕೆಲವು ವರ್ಷ ನಿರ್ದೇಶನದಿಂದ ಹೊರಗಿದ್ದು, 1974ರಲ್ಲಿ ಅಣೆಕಟ್ಟು ಕಟ್ಟುವವರ ಕುರಿತು ಸರ್ಕಾರಕ್ಕೆ ಒಪ್ಪುವಂಥ ಚಿತ್ರವೊಂದನ್ನು ಮಾಡಿ ಒಳಬಂದಿದ್ದರು. ಮೂಕಿ ಚಿತ್ರಗಳ ಆರಂಭದ ದಿನಗಳ ಕುರಿತು ಅವರು 1978ರಲ್ಲಿ ಮಾಡಿದ ಚಿತ್ರದಲ್ಲಿ ಹ್ರುಶೀನ್ಸ್ಕಿ, ಊರೂರಿಗೆ ಚಿತ್ರ ತೋರಿಸುತ್ತ ತಿರುಗಿ, ಪ್ರಾಗ್‌ನಲ್ಲಿ ಶಾಶ್ವತ ಚಿತ್ರಮಂದಿರದ ಕನಸು ಕಾಣುವ ಪಾಸ್ಪಾರ್ತೆ ಆದರು. ತಿರುಗಾಟದ ಕಂಪನಿಯಲ್ಲಿ ಹುಟ್ಟಿದವರಿಗೆ ಆ ಪಾತ್ರ ಹೊರಗಿನದಾಗಿರಲಿಲ್ಲ.

1985ರಲ್ಲಿ ‘ನನ್ನ ಪುಟ್ಟ ಹಳ್ಳಿ’ ಬಂತು. ಜ್ದೆನೆಕ್ ಸ್ವೆರಾಕ್ ಬರೆದು ಮೆಂಜೆಲ್ ನಿರ್ದೇಶಿಸಿದ, ಆಸ್ಕರ್ ನಾಮನಿರ್ದೇಶನ ಪಡೆದ ಈ ಚಿತ್ರದಲ್ಲಿ ಹ್ರುಶೀನ್ಸ್ಕಿ ಹಳ್ಳಿಯ ವೈದ್ಯ ಸ್ಕ್ರುಜ್ನಿ. ಕಾರು ಓಡಿಸುತ್ತ ಹೊಲ, ಗುಡ್ಡ, ಮರಗಳ ಚೆಲುವಿಗೆ ಮೈಮರೆತು, ಕವಿತೆ ಹೇಳಿಕೊಳ್ಳುತ್ತ, ಆಗಾಗ ರಸ್ತೆ ಬಿಟ್ಟು ಕಾರನ್ನು ಎಲ್ಲೆಲ್ಲಿಗೋ ನುಗ್ಗಿಸುವ ವೈದ್ಯ. ರೋಗಿಗಳಿಗೆ ಗದರುತ್ತಾನೆ, ಆದರೆ ಆ ಗದರಿಕೆಗೆ ಯಾರೂ ಹೆದರುವುದಿಲ್ಲ. ಕೋಪ್‌ಫ್ರ್‌ಕಿಂಗ್ಲ್‌ನ ಜೇನಿನಂಥ ಮಾತು ಕೇಳಿ ನಡುಗಿದ ನಾವು, ಈ ವೈದ್ಯನ ಬೈಗುಳ ಕೇಳಿ ನೆಮ್ಮದಿಪಡುತ್ತೇವೆ. ದನಿ ಒಂದೇ, ಅದರ ಹಿಂದಿನ ಮನುಷ್ಯ ಬೇರೆ.

ಪ್ರಶ್ನೆ: ಅವರು ಸಂಸದರೂ ಆಗಿದ್ದರಂತೆ, ನಿಜವೇ? (ಓದುಗರೊಬ್ಬರು, ಮಂಗಳೂರು)

ಉತ್ತರ: ನಿಜ. 1989ರ ನವೆಂಬರ್ 17ರಂದು ಪ್ರಾಗ್‌ನಲ್ಲಿ, ರಾಷ್ಟ್ರೀಯ ರಂಗಮಂದಿರದ ಹೆಸರಿನದೇ ರಸ್ತೆಯಲ್ಲಿ, ವಿದ್ಯಾರ್ಥಿಗಳ ಮೆರವಣಿಗೆಯನ್ನು ಪೊಲೀಸರು ಥಳಿಸಿದರು. ಮರುದಿನವೇ ರಂಗಮಂದಿರಗಳು ಮುಷ್ಕರ ಸಾರಿದವು. ಪರದೆ ಏಳುವ ಹೊತ್ತಿಗೆ ನಟರು ವೇಷವಿಲ್ಲದೆ ರಂಗಕ್ಕೆ ಬಂದು ಘೋಷಣಾಪತ್ರ ಓದಿ, ನಾಟಕದ ಬದಲು ಪ್ರೇಕ್ಷಕರೊಂದಿಗೆ ಚರ್ಚೆಗೆ ಕೂತರು. ಹಾವೆಲ್ ಅವರ ‘ಪೌರ ವೇದಿಕೆ’ ಹುಟ್ಟಿದ್ದೂ ನವೆಂಬರ್ 19ರಂದು ಒಂದು ರಂಗಮಂದಿರದಲ್ಲಿಯೇ. ಡಿಸೆಂಬರ್ 29ರಂದು ಹಾವೆಲ್ ಅಧ್ಯಕ್ಷರಾದರು. 1990ರ ಮುಕ್ತ ಚುನಾವಣೆಯ ನಂತರ ಹ್ರುಶೀನ್ಸ್ಕಿ ಪೌರ ವೇದಿಕೆಯ ಪರವಾಗಿ 1992ರವರೆಗೆ ಸಂಯುಕ್ತ ಸಂಸತ್ತಿನ ಸದಸ್ಯರಾಗಿದ್ದರು. ರಾಜಕಾರಣ ಅವರ ಸ್ವಭಾವಕ್ಕೆ ಒಗ್ಗುವಂಥದ್ದಲ್ಲ ಎಂದು ನನಗನ್ನಿಸುತ್ತದೆ. ಜನ ಅವರನ್ನು ಕಳಿಸಿದ್ದು ಆ ಹಿಂತೆಗೆಯದ ಸಹಿಯ ನೆನಪಿಗಾಗಿ ಇರಬೇಕು. 1993ರ ಮೊದಲ ದಿನ ಚೆಕೊಸ್ಲೊವಾಕಿಯಾ ಎರಡು ದೇಶಗಳಾಯಿತು. ತನ್ನ ಎರಡು ವರ್ಷದ ಎಳವೆಯಲ್ಲಿ ಈ ನಟನ ಹುಟ್ಟನ್ನು ಕಂಡಿದ್ದ ದೇಶ ಅವರ ಕಣ್ಣೆದುರೇ ಇಲ್ಲವಾಯಿತು. 1994ರ ಏಪ್ರಿಲ್ 13ರಂದು ಹ್ರುಶೀನ್ಸ್ಕಿ ಪ್ರಾಗ್‌ನಲ್ಲಿ ತೀರಿಕೊಂಡರು. ಅವರ ಮಕ್ಕಳಾದ ರುಡಾಲ್ಫ್ ಮತ್ತು ಯಾನ್ ಇಬ್ಬರೂ ನಟರೇ. ಯಾನ್ 2004ರಲ್ಲಿ ಪ್ರಾಗ್‌ನಲ್ಲಿ ತಮ್ಮದೇ ರಂಗಮಂದಿರ ತೆರೆದರು.

ಪ್ರಶ್ನೆ: ಅವರ ಚಿತ್ರಗಳನ್ನು ಯಾವುದರಿಂದ ನೋಡಲು ಶುರು ಮಾಡಬೇಕು? (ಓದುಗರೊಬ್ಬರು, ಕಲಬುರಗಿ)

ಉತ್ತರ: ‘ಶವದಾಹಕ’ವನ್ನು ಮೊದಲಿಗೆ ನೋಡಬೇಡಿ. ‘ನನ್ನ ಪುಟ್ಟ ಹಳ್ಳಿ’ಯಿಂದ ಶುರು ಮಾಡಿ, ಮನೆಮಂದಿಯೆಲ್ಲ ಕೂತು ನೋಡಬಹುದು. ಆಮೇಲೆ ಮೆಂಜೆಲ್ ಅವರ 1968ರ ‘ಚಂಚಲ ಬೇಸಿಗೆ’. ನದಿಯ ದಂಡೆಯ ಸ್ನಾನಘಟ್ಟವೊಂದರಲ್ಲಿ ಮೂವರು ನಡುವಯಸ್ಸಿನ ಗೆಳೆಯರು, ಮುಗಿಯದ ಮಳೆ, ಊರಿಗೆ ಬರುವ ಜಾದೂಗಾರ ಮತ್ತು ಅವನ ಜೊತೆಯ ಹುಡುಗಿ, ಇಷ್ಟೇ ಕಥೆ. ಸ್ನಾನಘಟ್ಟದ ಒಡೆಯ ಆಂಟೊನಿನ್ ದೂರಾ ಆಗಿ ಹ್ರುಶೀನ್ಸ್ಕಿ, ಈ ಬಗೆಯ ಬೇಸಿಗೆ ಯಾಕೋ ಸರಿಯಿಲ್ಲ ಎಂದು ಗಂಭೀರವಾಗಿ ಆಡುವ ಮಾತು ಚೆಕ್ ಜನರ ದಿನಬಳಕೆಯ ನುಡಿಯಾಗಿದೆ. ಮೂಲ ಕಾದಂಬರಿ ಬರೆದ ವ್ಲಾದಿಸ್ಲಾವ್ ವಾಂಚುರಾ ಅವರನ್ನು ನಾಜಿಗಳು 1942ರ ಜೂನ್ 1ರಂದು ಗುಂಡಿಟ್ಟು ಕೊಂದರು ಎಂಬುದನ್ನು ತಿಳಿದು ನೋಡಿದರೆ, ಅದರ ತಿಳಿಹಾಸ್ಯ ಇನ್ನಷ್ಟು ಅಮೂಲ್ಯವೆನಿಸುತ್ತದೆ. ಮೂರನೆಯದಾಗಿ ‘ತಂತಿಯ ಮೇಲಿನ ಬಾನಾಡಿಗಳು’, ಕೊನೆಗೆ ‘ಶವದಾಹಕ’. ಈ ಚಿತ್ರಗಳು ಇಂಗ್ಲಿಷ್ ಅಡಿಬರಹದೊಂದಿಗೆ ಸಿಗುತ್ತವೆ. ಅಡಿಬರಹ ಓದುವ ಭರದಲ್ಲಿ ಅವರ ಕೈಗಳನ್ನು ಮರೆಯಬೇಡಿ. ಸಾಧ್ಯವಾದರೆ ಒಂದೊಂದು ಚಿತ್ರವನ್ನೂ ಎರಡು ಬಾರಿ ನೋಡಿ, ಎರಡನೆಯ ಬಾರಿ ಅಕ್ಷರಗಳ ಕಡೆ ಕಣ್ಣು ಹಾಯಿಸದೆ ಅವರ ದನಿಯನ್ನಷ್ಟೇ ಕೇಳಿ.